ಹದಿನೇಳನೆಯ ಪ್ರಾಣಿ ಪಕ್ಕದ ತಾಲ್ಲೂಕಿನಲ್ಲಿತ್ತು

ಡಿಸೆಂಬರ್‌ನ ಒಂದು ರಾತ್ರಿ. ಸುತ್ತ ಮೊಣಕಾಲುದ್ದ ಹಿಮ. ಕುದುರೆಯನ್ನು ದೂರದಲ್ಲೇ ಬಿಟ್ಟು, ಗಾಳಿ ಯಾವ ಕಡೆಗೆ ಬೀಸುತ್ತಿದೆ ಎಂದು ನೋಡಿಕೊಂಡು, ಬಗ್ಗಿಕೊಂಡೇ ಕೆರೆಯ ದಡಕ್ಕೆ ಬಂದಿದ್ದೆ. ಎದುರಿಗೆ ಬಿಳಿ ಬೈಸನ್. ಇಡೀ ನಾಡಿಗೆ ಅಂಥದ್ದು ಅದೊಂದೇ. ಬಂದೂಕು ಎತ್ತಿ, ಗುರಿ ಇಟ್ಟು, ಉಸಿರು ಬಿಗಿಹಿಡಿದೆ.

‘ಲೋ, ಕೋಲಾರ ಜಿಲ್ಲೆ ಬಿಟ್ರೆ ಪ್ರಪಂಚದಲ್ಲಿ ಬೇರೆಲ್ಲೂ ಇಲ್ದಿರೋ ಪ್ರಾಣಿ ಯಾವುದು ಹೇಳೋ?’

ಗುಂಡು ಎಲ್ಲಿಗೋ ಹೋಯಿತು. ಬೈಸನ್ ಓಟ ಕಿತ್ತಿತು. ಪ್ರಶ್ನೆ ಕೇಳಿದ್ದು ನನ್ನ ಅಕ್ಕ. ಹಿಮ ಇದ್ದದ್ದು ಲ್ಯಾಪ್‌ಟಾಪ್ ಒಳಗೆ. ನಾನಿದ್ದದ್ದು ಕೋಲಾರ ತಾಲ್ಲೂಕಿನ ಕ್ಯಾಲನೂರಿನ ನಮ್ಮ ಮನೆಯ ಹಜಾರದಲ್ಲಿ. ಅಕ್ಕ ಒಂದೂವರೆ ವರ್ಷದಿಂದ ಸ್ಪರ್ಧಾತ್ಮಕ ಪರೀಕ್ಷೆಗೆ ಓದುತ್ತಿದ್ದಾಳೆ. ಒಂದೇ ಬಲ್ಬಿನ ಕೆಳಗೆ ಅವಳು ಸಾಮಾನ್ಯ ಜ್ಞಾನದ ಪುಸ್ತಕ ಹಿಡಿದು ಕೂರುತ್ತಾಳೆ, ನಾನು ಲ್ಯಾಪ್‌ಟಾಪ್ ಹಿಡಿದು ಕೂರುತ್ತೇನೆ. ಅಪ್ಪನ ಲೆಕ್ಕದಲ್ಲಿ ಇಬ್ಬರೂ ಓದುತ್ತಿದ್ದೇವೆ.

‘ಕೋಲಾರದಲ್ಲಿ ಮಾತ್ರ ಇರೋ ಪ್ರಾಣಿನಾ? ಅಂಥದ್ದೇನೂ ಇಲ್ಲ, ಪುಸ್ತಕ ತಪ್ಪಿರಬೇಕು’ ಎಂದೆ.

‘ಅಮೆರಿಕದ ಕರಡಿ ಎಲ್ಲಿ ಮಲಗ್ತದೆ ಅಂತ ಗೊತ್ತು, ನಿನ್ ಜಿಲ್ಲೇದು ಗೊತ್ತಿಲ್ಲ. ಓದ್ಕೋ ಹೋಗು’ ಎಂದು ಅಕ್ಕ ಪುಟ ತಿರುವಿದಳು.

ಹದಿನಾರು ಪ್ರಾಣಿಗಳ ಹುಚ್ಚು

ನನ್ನ ಹುಚ್ಚಿನ ಬಗ್ಗೆ ಮೊದಲು ಹೇಳಿಬಿಡುತ್ತೇನೆ. ಆ ಆಟದ ಹೆಸರು ‘ರೆಡ್ ಡೆಡ್ ರಿಡೆಂಪ್ಷನ್ 2’. ರಾಕ್‌ಸ್ಟಾರ್ ಗೇಮ್ಸ್‌ನವರು 2018ರಲ್ಲಿ ಬಿಡುಗಡೆ ಮಾಡಿದ್ದು, ಕಂಪ್ಯೂಟರ್‌ಗೆ ಬಂದದ್ದು 2019ರಲ್ಲಿ. ಕಥೆ ನಡೆಯುವುದು 1899ರ ಅಮೆರಿಕದಲ್ಲಿ. ಕುದುರೆ ಸವಾರರು, ದರೋಡೆಕೋರರು, ಆಗಷ್ಟೇ ಹರಡುತ್ತಿರುವ ರೈಲು. ನಮ್ಮವರಿಗೆ ಅರ್ಥವಾಗುವಂತೆ ಹೇಳುವುದಾದರೆ, ಅದೇ ಹೊತ್ತಿಗೆ ನಮ್ಮ ಕೆಜಿಎಫ್‌ನಲ್ಲಿ ಚಿನ್ನದ ಗಣಿಗಳು ಭರ್ತಿ ನಡೆಯುತ್ತಿದ್ದವು. ಶಿವನಸಮುದ್ರದಿಂದ ಅಲ್ಲಿಗೆ ಕರೆಂಟ್ ಬರಲು ಇನ್ನೂ ಮೂರು ವರ್ಷ ಬಾಕಿ ಇತ್ತು.

ಆಟದಲ್ಲಿ ನಾವು ಆರ್ಥರ್ ಮಾರ್ಗನ್ ಎಂಬ ದರೋಡೆಕೋರ. ಕಥೆ ಬೇಡವೆನಿಸಿದಾಗ ಕುದುರೆ ಹತ್ತಿ ಬೇಟೆಗೆ ಹೋಗಬಹುದು. ಸಾಧಾರಣ ಜಿಂಕೆ, ಮೊಲಗಳಿಗೆ ಲೆಕ್ಕವಿಲ್ಲ. ಹೊಡೆದಷ್ಟೂ ಮತ್ತೆ ಹುಟ್ಟುತ್ತವೆ. ಆದರೆ ‘ಲೆಜೆಂಡರಿ’ ಎಂದು ಕರೆಯುವ ಹದಿನಾರು ಪ್ರಾಣಿಗಳಿವೆ. ಒಂದೊಂದೂ ನಕ್ಷೆಯ ಒಂದೊಂದು ಮೂಲೆಯಲ್ಲಿ, ಇಡೀ ಆಟಕ್ಕೆ ಒಂದೇ ಒಂದು. ಮೊದಲು ಸುಳಿವು ಹುಡುಕಬೇಕು: ಮರಕ್ಕೆ ಉಜ್ಜಿದ ಕೂದಲು, ಲದ್ದಿ, ಹೆಜ್ಜೆ ಗುರುತು. ಒಂದು ಬಟನ್ ಒತ್ತಿದರೆ ಸುಳಿವು ಹೊಳೆಯುತ್ತದೆ. ಜಾಡು ಹಿಡಿದು ಹೋದರೆ ಪ್ರಾಣಿ ಎದುರಾಗುತ್ತದೆ. ಹೊಡೆದು, ಚರ್ಮ ಸುಲಿದು, ತೊಗಲು ವ್ಯಾಪಾರಿಗೆ ಕೊಟ್ಟರೆ ಅದರಿಂದ ಕೋಟು, ಟೋಪಿ ಹೊಲಿದುಕೊಡುತ್ತಾನೆ. ದಾರಿಯಲ್ಲಿ ತೊಗಲು ಕಳೆದುಹೋದರೂ ಯೋಚನೆಯಿಲ್ಲ, ಅದು ತಾನಾಗಿ ವ್ಯಾಪಾರಿಯ ಅಂಗಡಿ ಸೇರಿರುತ್ತದೆ! ಇನ್ನೊಂದು ತಮಾಷೆ ಎಂದರೆ, ಆ ಹದಿನಾರರಲ್ಲಿ ಎಲ್ಲಕ್ಕಿಂತ ಭಯಂಕರವಾದ ಕರಡಿಯ ಹೆಸರು ‘ಭಾರತಿ’. ಯಾಕೆ ಆ ಹೆಸರಿಟ್ಟರೋ, ನನ್ನ ಗೆಳೆಯರ ಗುಂಪಿನಲ್ಲಂತೂ ಅದು ವಾರಗಟ್ಟಲೆ ನಗುವಿನ ವಿಷಯ.

ಈ ಲ್ಯಾಪ್‌ಟಾಪ್‌ಗೂ ಒಂದು ಕಥೆಯಿದೆ. 2023ರ ಜುಲೈನಲ್ಲಿ ಕೋಲಾರ ಮಾರುಕಟ್ಟೆಯಲ್ಲಿ ಟೊಮೆಟೊ ಬೆಲೆ ಹೇಗೆ ಏರಿತ್ತು ಎಂದು ನಿಮಗೆ ನೆನಪಿರಬಹುದು. 15 ಕೆ.ಜಿ. ಬಾಕ್ಸ್ 2,000 ರೂಪಾಯಿ ದಾಟಿತ್ತು. ಅಪ್ಪನ ಬಳಿ ಆಗ ಅರ್ಧ ಎಕರೆಯ ಬೆಳೆ ಇತ್ತು. ಅದರ ಹಿಂದಿನ ವರ್ಷಗಳಲ್ಲಿ ಹಣ್ಣನ್ನು ರಸ್ತೆ ಬದಿ ಸುರಿದು ಬಂದದ್ದೂ ಇದೆ. ಆ ವರ್ಷ ಮಾತ್ರ ಸಾಲ ತೀರಿತು, ನಾನು ಬಿಇಗೆ ಸೇರಿದೆ, ಉಳಿದ ಹಣದಲ್ಲಿ ಲ್ಯಾಪ್‌ಟಾಪ್ ಬಂತು. ‘ಎಲೆಕ್ಟ್ರಾನಿಕ್ಸ್ ಓದೋರಿಗೆ ಗ್ರಾಫಿಕ್ಸ್ ಕಾರ್ಡ್ ಇರೋದೇ ಬೇಕಪ್ಪ’ ಎಂದು ನಾನೇ ಹೇಳಿ ಕೊಡಿಸಿಕೊಂಡೆ. ಯಾಕೆ ಬೇಕಿತ್ತು ಎಂದು ಈಗ ನಿಮಗೆ ಗೊತ್ತಾಗಿದೆ. ಅಪ್ಪನಿಗೆ ಈ ಲೇಖನ ಓದಿದ ಮೇಲೆ ಗೊತ್ತಾಗುತ್ತದೆ.

ಆಟ 150 ಜಿಬಿ ಜಾಗ ಕೇಳುತ್ತದೆ. ಸೇಲ್‌ನಲ್ಲಿ ಕೊಂಡು ಮೂರು ರಾತ್ರಿ ಡೌನ್‌ಲೋಡ್ ಹಾಕಿದೆ. ಐದನೇ ಸೆಮಿಸ್ಟರ್ ಪರೀಕ್ಷೆಗೆ ಕೊಟ್ಟ ರಜೆಯಲ್ಲಿ ಹದಿನೈದು ಲೆಜೆಂಡರಿ ಪ್ರಾಣಿ ಹೊಡೆದೆ. ಡಿಜಿಟಲ್ ಸಿಗ್ನಲ್ ಪ್ರೊಸೆಸಿಂಗ್‌ನಲ್ಲಿ ಹದಿನೈದು ಪ್ರಶ್ನೆ ಬಿಡಿಸಲಿಲ್ಲ. ಫಲಿತಾಂಶ ಬಂದಾಗ ಆ ಒಂದು ವಿಷಯ ಬ್ಯಾಕ್ ಉಳಿದಿತ್ತು. ಮನೆಯಲ್ಲಿ ಹೇಳಿದ ದಿನ ಅಪ್ಪ ಬೈಯಲಿಲ್ಲ. ‘ಮುಂದಿನ ಸಲ ಬರ್ಕೋ’ ಎಂದು ತೋಟಕ್ಕೆ ಹೊರಟುಹೋದರು. ಬೈದಿದ್ದರೆ ಚೆನ್ನಾಗಿತ್ತು.

ಉತ್ತರ: ಒಂದು ಬಾವಲಿ

ಅಕ್ಕನ ಪ್ರಶ್ನೆಗೆ ಉತ್ತರ ನೋಡಿದ್ದು ಆ ಫಲಿತಾಂಶ ಬಂದ ವಾರ. ಆಟ ತೆರೆಯಲು ಮನಸ್ಸಿರಲಿಲ್ಲ, ಓದಲೂ ಮನಸ್ಸಿರಲಿಲ್ಲ. ಅವಳ ಪುಸ್ತಕ ತೆಗೆದುಕೊಂಡು ಕೂತೆ.

ಕೋಲಾರದ ಎಲೆಮೂಗಿನ ಬಾವಲಿ. ವೈಜ್ಞಾನಿಕ ಹೆಸರು ಹಿಪ್ಪೊಸಿಡೆರೋಸ್ ಹೈಪೊಫಿಲಸ್. ಇದು ಬೇರೆಯದೇ ಪ್ರಭೇದ ಎಂದು ವಿಜ್ಞಾನಿಗಳಾದ ಕಾಕ್ ಮತ್ತು ಭಟ್ ವಿವರಿಸಿದ್ದು 1994ರಲ್ಲಿ. ಆಗ ಸಿಕ್ಕಿದ್ದು ಎರಡೇ ಜಾಗದಲ್ಲಿ: ಮುಳಬಾಗಿಲು ತಾಲ್ಲೂಕಿನ ಹನುಮನಹಳ್ಳಿ ಮತ್ತು ಕೋಲಾರದ ಬೆಟ್ಟದ ಮೇಲಿನ ತೇರಹಳ್ಳಿ. ಆಮೇಲೆ ಹುಡುಕಿದವರಿಗೆ ತೇರಹಳ್ಳಿಯಲ್ಲಿ ಅದು ಕಾಣಲಿಲ್ಲ. ಈಗ ತಿಳಿದಿರುವುದು ಹನುಮನಹಳ್ಳಿಯ ಒಂದು ಗುಹೆಯಲ್ಲಿ ಮಾತ್ರ. ಸಂಖ್ಯೆ ಇನ್ನೂರಕ್ಕಿಂತ ಕಡಿಮೆ. ಐಯುಸಿಎನ್‌ನ ಕೆಂಪು ಪಟ್ಟಿಯಲ್ಲಿ ಅದು ‘ತೀವ್ರ ಅಪಾಯದಂಚಿನಲ್ಲಿರುವ’ ಜೀವಿ. ಅದರಿಂದಾಚೆಗಿನ ಮೆಟ್ಟಿಲು ಎಂದರೆ ಕಾಡಿನಿಂದ ಪೂರ್ತಿ ಅಳಿದುಹೋಗುವುದೇ.

ಇನ್ನೂರು ಎಂದರೆ ಎಷ್ಟು ಎಂದು ಯೋಚಿಸಿದೆ. ಕಾಲೇಜಿನಲ್ಲಿ ನಮ್ಮ ಬ್ರಾಂಚಿನ ಮೂರು ಸೆಕ್ಷನ್ ಸೇರಿದರೆ ನೂರಾ ಎಂಬತ್ತು ಜನ. ಇಡೀ ಭೂಮಿಯ ಮೇಲಿನ ಒಂದು ಜಾತಿ ಪ್ರಾಣಿಯನ್ನು ನಮ್ಮ ಸೆಮಿನಾರ್ ಹಾಲ್‌ನಲ್ಲಿ ಕೂರಿಸಿಬಿಡಬಹುದು.

ನಾನು ಮೂರು ತಿಂಗಳು ಕುದುರೆ ಮೇಲೆ ಅಲೆದದ್ದು ಅಪರೂಪದ ಪ್ರಾಣಿಗಳಿಗಾಗಿ. ನನ್ನ ಮನೆಯಿಂದ ಬೈಕಿನಲ್ಲಿ ಬೆಳಿಗ್ಗೆ ಹೋಗಿ ಮಧ್ಯಾಹ್ನದ ಊಟಕ್ಕೆ ವಾಪಸ್ ಬರಬಹುದಾದಷ್ಟು ದೂರದಲ್ಲಿ ಇಂಥದ್ದೊಂದು ಇತ್ತು. ಹದಿನೇಳನೆಯ ಲೆಜೆಂಡರಿ! ಹೋಗಲೇಬೇಕು ಎಂದುಕೊಂಡೆ. ಗುಹೆಯೊಳಗೆ ಹೋಗಿ ಒಂದು ಫೋಟೊ, ಒಂದು ರೀಲ್. ತೊಗಲಿನ ಬದಲು ಲೈಕ್ಸ್.

ಅಂತರಗಂಗೆಯ ಆ ರಾತ್ರಿ

ಹೊರಡುವ ಮೊದಲು ಆ ಬಾವಲಿಗಳ ಬಗ್ಗೆ ಇನ್ನಷ್ಟು ಓದಿದೆ. ಹುಳ ತಿನ್ನುವ ಬಾವಲಿ, ಅಂಗೈಯಲ್ಲಿ ಹಿಡಿಯುವಷ್ಟು ಪುಟ್ಟದು. ಮೂಗಿನ ಮೇಲೆ ಎಲೆಯಂಥ ಚರ್ಮದ ಮಡಿಕೆಗಳಿರುತ್ತವೆ. ಈ ಗುಂಪಿನ ಬಾವಲಿಗಳು ಕೂಗುವುದು ಬಾಯಿಂದಲ್ಲ, ಮೂಗಿನಿಂದ. ನಮ್ಮ ಕಿವಿಗೆ ಕೇಳದಷ್ಟು ಎತ್ತರದ ಆ ಶಬ್ದವನ್ನು ಒಂದು ದಿಕ್ಕಿಗೆ ಹರಿಸಲು ಆ ಎಲೆ ನೆರವಾಗುತ್ತದೆ. ಶಬ್ದ ಹುಳಕ್ಕೆ ತಾಗಿ ವಾಪಸ್ ಬಂದಾಗ ಹುಳ ಎಲ್ಲಿದೆ, ಯಾವ ಕಡೆ ಹಾರುತ್ತಿದೆ ಎಂಬುದು ತಿಳಿಯುತ್ತದೆ. ನಾವು ರೇಡಾರ್ ಎಂದು ನಾಲ್ಕು ಯೂನಿಟ್ ಓದುವುದನ್ನು ಅದು ಹುಟ್ಟಿದ ಕೆಲವೇ ವಾರಗಳಲ್ಲಿ ಕಲಿತಿರುತ್ತದೆ.

ಇಂಥ ಬಾವಲಿಗಳು ಸಾಮಾನ್ಯವಾಗಿ ವರ್ಷಕ್ಕೆ ಹಾಕುವುದು ಒಂದೇ ಮರಿ. ಮರಿ ತಾಯಿಯ ಎದೆಗೆ ಕಚ್ಚಿಕೊಂಡಿರುತ್ತದೆ. ಗುಹೆಯೊಳಗೆ ಜನ ನುಗ್ಗಿದರೆ, ಬೆಳಕು ಬಿಟ್ಟರೆ, ಕೂಗಿದರೆ ಗುಂಪು ಗಾಬರಿಯಾಗಿ ಏಳುತ್ತದೆ. ಮರಿ ಕೆಳಗೆ ಬೀಳಬಹುದು. ಮತ್ತೆ ಮತ್ತೆ ಹಾಗಾದರೆ ಆ ಗುಹೆಯನ್ನೇ ಬಿಟ್ಟು ಹೋಗಬಹುದು. ಬಿಟ್ಟು ಎಲ್ಲಿಗೆ ಹೋಗುವುದು? ಈ ಬಾವಲಿಗೆ ಇರುವುದೇ ಒಂದು ಗುಹೆ.

ಇದನ್ನು ಓದುವಾಗ ನನಗೆ ಮೊದಲ ವರ್ಷದ ಒಂದು ರಾತ್ರಿ ನೆನಪಾಯಿತು. ಕ್ಲಾಸಿನ ಒಂಬತ್ತು ಹುಡುಗರು ಅಂತರಗಂಗೆ ಬೆಟ್ಟ ಹತ್ತಿದ್ದೆವು. ಕೋಲಾರದವರಿಗೆ ಅದು ಮನೆಯ ಹಿತ್ತಲಿದ್ದ ಹಾಗೆ. ಬಸವನ ಬಾಯಿಂದ ಬೀಳುವ ನೀರು ಕುಡಿದು, ಮೆಟ್ಟಿಲು ದಾಟಿ ಮೇಲೆ ಹೋದರೆ ಬಂಡೆಗಳು ಒಂದರ ಮೇಲೊಂದು ಬಿದ್ದು ಆದ ಗವಿಗಳು. ವಾರಾಂತ್ಯದಲ್ಲಿ ಬೆಂಗಳೂರಿನಿಂದಲೂ ಟಾರ್ಚ್ ಹಿಡಿದು ಬರುತ್ತಾರೆ. ನಾವೂ ನುಗ್ಗಿದೆವು. ಒಬ್ಬ ಬ್ಲೂಟೂತ್ ಸ್ಪೀಕರ್ ತಂದಿದ್ದ. ಸಿನಿಮಾ ಹಾಡು ಹಾಕಿ ಕೂಗಿದೆವು. ಮೇಲಿನಿಂದ ಬಾವಲಿಗಳು ಸುಯ್ ಎಂದು ತಲೆಗೆ ತಾಗುವ ಹಾಗೆ ಹೊರಗೆ ಹಾರಿದವು. ನಾವು ನೆಲಕ್ಕೆ ಕೂತು ಬಿದ್ದು ಬಿದ್ದು ನಕ್ಕೆವು. ಆ ವಿಡಿಯೊ ಇನ್ನೂ ನನ್ನ ಫೋನಿನಲ್ಲಿದೆ.

ಅದೇ ಬೆಟ್ಟದ ಸಾಲಿನ ಮೇಲೆ ತೇರಹಳ್ಳಿ ಇದೆ. ನಾವು ಹೋಗುವ ಎಷ್ಟೋ ವರ್ಷ ಮೊದಲೇ ಅಲ್ಲಿ ಎಲೆಮೂಗಿನ ಬಾವಲಿ ಇಲ್ಲವಾಗಿತ್ತು. ಹಾಗಾಗಿ ನಾವು ಓಡಿಸಿದ್ದು ಅದನ್ನಲ್ಲ. ಆದರೆ ಅದೇ ಇದ್ದಿದ್ದರೂ ನಾವು ಮಾಡುತ್ತಿದ್ದದ್ದು ಅಷ್ಟೇ. ನಮಗೆ ಗೊತ್ತೇ ಆಗುತ್ತಿರಲಿಲ್ಲ. ಆಟದಲ್ಲಾದರೆ ಬಂದೂಕು ಎತ್ತಿದ ಕೂಡಲೇ ಪ್ರಾಣಿಯ ಹೆಸರು, ಎಷ್ಟು ನಕ್ಷತ್ರ ಎಂಬುದು ಪರದೆಯ ಮೇಲೆ ಬರುತ್ತದೆ. ಗವಿಯಲ್ಲಿ ಹಾರುವುದರ ಮೇಲೆ ಯಾವ ಹೆಸರೂ ಬರೆದಿರುವುದಿಲ್ಲ.

ತಾತ ಹೇಳಿದ್ದು

ನಮ್ಮ ತಾತ ಹಳೆಯ ಬೇಟೆಗಾರ. ಯುಗಾದಿಯ ಹೊಸತೊಡಕಿಗೆ ಊರ ಹುಡುಗರ ಜತೆ ಬಲೆ ಹೊತ್ತು ಮೊಲದ ಬೇಟೆಗೆ ಹೋಗುತ್ತಿದ್ದರಂತೆ. ಕೌಜುಗಕ್ಕೆ ಉರುಲು ಕಟ್ಟುತ್ತಿದ್ದರಂತೆ. ‘ಆಮೇಲೆ ಕಾನೂನು ಬಂತು, ಪೊಲೀಸು ಅಂದ್ರು. ಅದಕ್ಕೆ ಮೊದ್ಲೇ ಮೊಲಾನೇ ಇಲ್ದಂಗಾಗಿತ್ತು ಬಿಡು’ ಎಂದು ನಗುತ್ತಾರೆ. ನನ್ನ ಆಟವನ್ನು ಅವರು ಒಮ್ಮೆ ಕನ್ನಡಕ ಹಾಕಿಕೊಂಡು ನೋಡಿದ್ದರು. ‘ಇಷ್ಟು ಕಷ್ಟಪಟ್ಟು ಹೊಡೀತೀಯ, ಸಾರು ಮಾತ್ರ ಇಲ್ಲ’ ಎಂದಿದ್ದರು.

ಅವರಿಗೆ ಬಾವಲಿಯ ವಿಷಯ ಹೇಳಿದೆ. ನಮ್ಮ ಕಡೆ ಕನ್ನಡ ತೆಲುಗು ಎರಡೂ ಕಲೆತಿರುವುದರಿಂದ ಅವರ ಬಾಯಲ್ಲಿ ಬಾವಲಿ ಎಂದರೆ ಗಬ್ಬಿಲಾಯಿ.

‘ಗಬ್ಬಿಲಾಯಿನ ಯಾರ್ ಬೇಟೆ ಆಡ್ತಾರೆ? ಅದರ ಪಾಡಿಗೆ ಅದು ಗವೀಲಿರ್ತದೆ. ಅದ್ಯಾಕೆ ಕಮ್ಮಿ ಆಯ್ತದೆ?’

‘ಗವಿನೇ ಹೋದ್ರೆ ತಾತ?’

‘ಗವಿ ಎಲ್ಲೋಯ್ತದೋ?’

‘ಜಲ್ಲಿ ಕ್ರಷರ್‌ಗೆ.’

ತಾತ ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ‘ಹೂಂ, ಅದೂ ಸರಿ’ ಎಂದರು.

ಹನುಮನಹಳ್ಳಿಯ ಬಾವಲಿಗೆ ಬಂದ ದೊಡ್ಡ ಕಂಟಕ ಕಲ್ಲು ಗಣಿಗಾರಿಕೆ. ಕೋಲಾರ ಜಿಲ್ಲೆಯ ಬಂಡೆ ಎಂದರೆ ಗ್ರಾನೈಟ್. ಬಂಡೆ ಒಡೆದರೆ ಕೂಲಿ, ಲಾರಿ ಬಾಡಿಗೆ, ಮನೆಗೆ ಸೈಜುಗಲ್ಲು. ನಮ್ಮ ಮನೆಯ ಪಾಯಕ್ಕೂ ಎಲ್ಲಿಂದಲೋ ಕಲ್ಲು ಬಂದಿದೆ. ಯಾವ ಬೆಟ್ಟದ್ದು ಎಂದು ಅಪ್ಪ ಕೇಳಿರಲಿಲ್ಲ, ಯಾರೂ ಕೇಳುವುದಿಲ್ಲ. ಆಟದಲ್ಲಿ ಒಂದು ಪ್ರಾಣಿ ಸತ್ತರೆ ಯಾರೋ ಗುರಿ ಇಟ್ಟಿರಲೇಬೇಕು. ಎಲೆಮೂಗಿನ ಬಾವಲಿಗೆ ಯಾರೂ ಗುರಿ ಇಟ್ಟಿಲ್ಲ. ಕಲ್ಲು ಒಡೆದವನು ಕಲ್ಲನ್ನು ನೋಡಿದ, ಮನೆ ಕಟ್ಟಿದವನು ಮನೆಯನ್ನು ನೋಡಿದ, ನಮ್ಮಂಥ ಹುಡುಗರು ಫೋನನ್ನು ನೋಡಿದೆವು.

ಹಾಗೆಂದು ಬಂದೂಕಿನವರದು ತಪ್ಪಿಲ್ಲ ಎನ್ನುತ್ತಿಲ್ಲ. ಆಟದಲ್ಲೇ ಅದಕ್ಕೆ ಒಂದು ಪಾಠವಿದೆ. ಅಲ್ಲಿ ಹಸಿರು ಮೈ, ಹಳದಿ ತಲೆಯ ಕ್ಯಾರೊಲಿನಾ ಗಿಳಿಗಳಿವೆ. ಮಿಕ್ಕ ಪ್ರಾಣಿಗಳಂತೆ ಇವು ಮತ್ತೆ ಮತ್ತೆ ಹುಟ್ಟುವುದಿಲ್ಲ. ತೀರಾ ಹೊಡೆಯುತ್ತಾ ಹೋದರೆ ಒಂದು ಹಂತದಲ್ಲಿ ಆಟದಿಂದಲೇ ಇಲ್ಲವಾಗುತ್ತವೆ. ನಿಜ ಜೀವನದಲ್ಲೂ ಆದದ್ದು ಅದೇ. ಈ ಗಿಳಿಗಳ ಗುಂಪಿನಲ್ಲಿ ಒಂದಕ್ಕೆ ಗುಂಡು ಬಿದ್ದರೆ ಉಳಿದವು ಓಡಿಹೋಗದೆ ಬಿದ್ದದ್ದರ ಸುತ್ತ ಮತ್ತೆ ಬಂದು ಸೇರುತ್ತಿದ್ದವಂತೆ. ಹೊಡೆಯುವವರಿಗೆ ಅದಕ್ಕಿಂತ ಸುಲಭ ಏನಿದೆ? ಬೋನಿನಲ್ಲಿ ಉಳಿದಿದ್ದ ಕೊನೆಯದು ‘ಇಂಕಾಸ್’ 1918ರ ಫೆಬ್ರುವರಿ 21ರಂದು ಅಮೆರಿಕದ ಸಿನ್ಸಿನಾಟಿ ಮೃಗಾಲಯದಲ್ಲಿ ಸತ್ತಿತು. ನಾನು ಹಿಮದಲ್ಲಿ ಮಲಗಿ ಕಾದ ಬೈಸನ್‌ಗಳೂ ಅಷ್ಟೆ: ಕೋಟಿಗಟ್ಟಲೆ ಇದ್ದವು, 1880ರ ದಶಕ ಮುಗಿಯುವ ಹೊತ್ತಿಗೆ ಸುಮಾರು ಸಾವಿರಕ್ಕೆ ಇಳಿದಿದ್ದವು. ಉಳಿದವನ್ನು ಕಾಪಾಡಿದ್ದರಿಂದ ಬೈಸನ್ ಇಂದಿಗೂ ಇದೆ. ಗಿಳಿಗೆ ಆ ಅದೃಷ್ಟ ಇರಲಿಲ್ಲ.

ಇದೆಲ್ಲ ಗೊತ್ತಿಲ್ಲದೆ ನಾನು ಟೋಪಿಗೆ ಗರಿ ಬೇಕೆಂದು ಆ ಗಿಳಿಗಳನ್ನು ಹೊಡೆದವನೇ.

ಹನುಮನಹಳ್ಳಿಯವರೆಗೆ

ಮಾರ್ಚ್‌ನ ಒಂದು ಭಾನುವಾರ ಗೆಳೆಯನ ಬೈಕಿನಲ್ಲಿ ಹೊರಟೆವು. ರೀಲ್ ಮಾಡುವ ಆಸೆ ನನಗೆ ಅರ್ಧ ಇಳಿದಿತ್ತು, ಅವನಿಗೆ ಇಳಿದಿರಲಿಲ್ಲ. ಮುಳಬಾಗಿಲಿನಲ್ಲಿ ಇಳಿದು ದೋಸೆ ತಿಂದೆವು. ಅದನ್ನು ತಿನ್ನದೆ ಮುಳಬಾಗಿಲು ದಾಟಿದರೆ ನಮ್ಮ ಕಡೆ ಯಾರೂ ನಂಬುವುದಿಲ್ಲ.

ಹನುಮನಹಳ್ಳಿ ತಲುಪಿ ಅರಳಿಕಟ್ಟೆಯ ಮೇಲೆ ಕೂತಿದ್ದ ಹಿರಿಯರೊಬ್ಬರನ್ನು ಕೇಳಿದೆವು.

‘ಗಬ್ಬಿಲಾಯಿ ನೋಡೋಕಾ? ಆಫೀಸಿನವರಾ?’

‘ಇಲ್ಲ ತಾತ, ಕಾಲೇಜಿನವರು. ಸುಮ್ನೆ ನೋಡ್ಕೊಂಡು ಹೋಗೋಣ ಅಂತ.’

‘ಸುಮ್ನೆ ನೋಡೋಕೆ ಅದೇನ್ ಸಿನಿಮಾನಾ? ಒಳಗೆ ಹೋಗಂಗಿಲ್ಲಪ್ಪ. ಓದಿದೋರು ಬಂದು ಲೆಕ್ಕ ಮಾಡ್ಕೊಂಡು ಹೋಗ್ತಾರೆ, ಅವರೂ ಸದ್ದಿಲ್ದಂಗೆ ಬರ್ತಾರೆ.’

ಅವರು ಹೇಳಿದ್ದು ಸರಿ. ಗುಹೆಯ ಸುತ್ತಲಿನ 30 ಎಕರೆಯನ್ನು ಸರ್ಕಾರ ಸಂರಕ್ಷಿತ ಪ್ರದೇಶವಾಗಿ ಘೋಷಿಸಿದೆ. ಅರಣ್ಯ ಇಲಾಖೆಯ ಜತೆ ಬ್ಯಾಟ್ ಕನ್ಸರ್ವೇಷನ್ ಇಂಡಿಯಾ ಟ್ರಸ್ಟ್‌ನವರು ಈ ಬಾವಲಿಯ ಅಧ್ಯಯನ, ರಕ್ಷಣೆಗೆ ಕೆಲಸ ಮಾಡಿದ್ದಾರೆ. ನಮ್ಮ ಬಳಿ ಇದ್ದದ್ದು ಒಂದು ಮೊಬೈಲ್ ಟಾರ್ಚ್ ಮತ್ತು ಅರ್ಧ ಬಾಟಲಿ ನೀರು.

ಊರಾಚೆ ರಸ್ತೆಯಲ್ಲೇ ಬೈಕ್ ನಿಲ್ಲಿಸಿ ಬಂಡೆಗಳ ಕಡೆ ನೋಡಿದೆವು. ಗೆಳೆಯ ‘ಐದೇ ನಿಮಿಷ ಕಣೋ, ಯಾರ್ ನೋಡ್ತಾರೆ? ಇಷ್ಟು ದೂರ ಬಂದು ಖಾಲಿ ಕೈಲಿ ಹೋಗೋದಾ?’ ಎಂದ. ಆಟದಲ್ಲಿ ನಾನೂ ಎಷ್ಟೋ ಸಲ ಇದೇ ಮಾತು ಹೇಳಿಕೊಂಡಿದ್ದೆ. ಅಂತರಗಂಗೆಯ ವಿಡಿಯೊ ತೆಗೆದು ಅವನಿಗೆ ತೋರಿಸಿದೆ. ಅದರಲ್ಲಿ ಅವನೂ ಇದ್ದ, ಸ್ಪೀಕರ್ ಹಿಡಿದಿದ್ದವನೇ ಅವನು. ಒಂದೇ ಮರಿಯ ವಿಷಯ ಹೇಳಿದೆ. ಅವನು ಏನೂ ಹೇಳಲಿಲ್ಲ. ಸ್ವಲ್ಪ ಹೊತ್ತಿನ ಮೇಲೆ ಬೈಕ್‌ನ ಕೀ ತಿರುಗಿಸಿ, ‘ಸಂಜೆ ತನಕ ಇಲ್ಲೇ ಇರೋಣ. ಹೊರಗೆ ಬಂದ್ರೆ ನೋಡೋಣ, ಬರ್ದಿದ್ರೆ ಹೋಗೋಣ’ ಎಂದ.

ಬಿಸಿಲು ಇಳಿಯುವವರೆಗೆ ಆವಣಿ ಬೆಟ್ಟಕ್ಕೆ ಹೋಗಿ ಬಂದೆವು. ಕತ್ತಲಾಗುವ ಹೊತ್ತಿಗೆ ಅದೇ ರಸ್ತೆಯ ಪಕ್ಕ ನಿಂತೆವು, ಫೋನ್ ಬೆಳಕೂ ಆರಿಸಿ. ತುಸು ಹೊತ್ತಿನಲ್ಲಿ ಆಕಾಶದ ಮಬ್ಬು ಬೆಳಕಿನಲ್ಲಿ ಚಿಕ್ಕ ಚಿಕ್ಕ ಬಾವಲಿಗಳು ಅಡ್ಡಾದಿಡ್ಡಿ ಹಾರಾಡತೊಡಗಿದವು. ಅವು ಎಲೆಮೂಗಿನವೋ, ಊರಲ್ಲೆಲ್ಲ ಇರುವ ಮಾಮೂಲಿ ಬಾವಲಿಗಳೋ ನಮಗೆ ತಿಳಿಯಲಿಲ್ಲ. ತಿಳಿಯುವ ದಾರಿಯೂ ನಮ್ಮ ಹತ್ತಿರ ಇರಲಿಲ್ಲ. ಫೋನ್‌ನಲ್ಲಿ ಶಬ್ದ ರೆಕಾರ್ಡ್ ಮಾಡಲು ನೋಡಿದೆ. ಬಂದದ್ದು ಜೀರುಂಡೆ ಸದ್ದು ಮತ್ತು ಗೆಳೆಯನ ಕೆಮ್ಮು.

ಬ್ಯಾಕ್ ಸಬ್ಜೆಕ್ಟ್ ಹಿಡಿಸಿದ ಜಾಡು

ಫೋನ್‌ನಲ್ಲಿ ಯಾಕೆ ಬರಲಿಲ್ಲ ಎಂದು ಯೋಚಿಸಿದಾಗ ಉತ್ತರ ಸಿಕ್ಕಿದ್ದು ನಾನು ಫೇಲಾದ ವಿಷಯದ ಮೊದಲ ಅಧ್ಯಾಯಗಳಲ್ಲಿ. ಒಂದು ಶಬ್ದವನ್ನು ಸರಿಯಾಗಿ ಹಿಡಿಯಬೇಕಾದರೆ ಅದರ ಆವರ್ತನದ ಎರಡು ಪಟ್ಟಿಗಿಂತ ಹೆಚ್ಚು ವೇಗದಲ್ಲಿ ಸ್ಯಾಂಪಲ್ ಮಾಡಬೇಕು. ಇದು ನೈಕ್ವಿಸ್ಟ್ ನಿಯಮ. ಮಾಮೂಲಿ ಫೋನ್ ರೆಕಾರ್ಡಿಂಗ್ ಸೆಕೆಂಡಿಗೆ 48,000 ಸ್ಯಾಂಪಲ್. ಅಂದರೆ 24 ಕಿಲೋಹರ್ಟ್ಸ್‌ಗಿಂತ ಮೇಲಿನದು ಅದಕ್ಕೆ ಸಿಗದು. ಮನುಷ್ಯನ ಕಿವಿ ಹೆಚ್ಚೆಂದರೆ 20 ಕಿಲೋಹರ್ಟ್ಸ್‌ವರೆಗೆ ಕೇಳುತ್ತದೆ. ನಮ್ಮ ಚಿಕ್ಕ ಎಲೆಮೂಗಿನ ಬಾವಲಿಗಳು ಕೂಗುವುದು 100 ಕಿಲೋಹರ್ಟ್ಸ್‌ಗೂ ಮೇಲೆ. ಪರೀಕ್ಷೆಯಲ್ಲಿ ಈ ನಿಯಮದ ಮೇಲೆ ಹತ್ತು ಅಂಕದ ಪ್ರಶ್ನೆ ಬಂದಿತ್ತು. ನಾನು ಬಿಟ್ಟು ಬಂದಿದ್ದೆ.

ಒಳ್ಳೆಯ ಅಲ್ಟ್ರಾಸಾನಿಕ್ ಮೈಕ್‌ಗಳ ಬೆಲೆ ನೋಡಿ ಆ ಯೋಚನೆ ಕೈಬಿಟ್ಟೆ. ಆದರೆ ಲ್ಯಾಬ್‌ನಲ್ಲಿ ಎಲ್ಲರೂ ದೂರ ಅಳೆಯಲು ಬಳಸುವ ಅಗ್ಗದ ಅಲ್ಟ್ರಾಸಾನಿಕ್ ಸೆನ್ಸರ್ ಇರುತ್ತದಲ್ಲ, ಎರಡು ಕಣ್ಣಿನಂತೆ ಕಾಣುವುದು, ಅದು ಕೆಲಸ ಮಾಡುವುದು 40 ಕಿಲೋಹರ್ಟ್ಸ್‌ನಲ್ಲಿ. ಅದರ ಶಬ್ದ ಹಿಡಿಯುವ ಕಣ್ಣನ್ನು ಬಿಚ್ಚಿ ಮೈಕ್ ಮಾಡಿಕೊಂಡೆ. ಬಂದ ಸಿಗ್ನಲ್ ಅನ್ನು 38 ಕಿಲೋಹರ್ಟ್ಸ್‌ನ ಇನ್ನೊಂದು ಸಿಗ್ನಲ್ ಜತೆ ಬೆರೆಸಿದರೆ ಎರಡರ ವ್ಯತ್ಯಾಸ, ಅಂದರೆ 2 ಕಿಲೋಹರ್ಟ್ಸ್ ಉಳಿಯುತ್ತದೆ. ಅದು ನಮ್ಮ ಕಿವಿಗೆ ಕೇಳುತ್ತದೆ. ಹಳೆಯ ರೇಡಿಯೊಗಳದ್ದೂ ಇದೇ ಉಪಾಯ. ಒಂದು ಆಂಪ್ಲಿಫೈಯರ್ ಐಸಿ, ಒಂದು ಹಳೆಯ ಇಯರ್‌ಫೋನ್ ಸೇರಿಸಿದೆ. ಮೂರು ಸಲ ಸುಟ್ಟು ನಾಲ್ಕನೆಯ ಸಲಕ್ಕೆ ಕೆಲಸ ಮಾಡಿತು.

ಇದರಲ್ಲಿ ಹನುಮನಹಳ್ಳಿಯ ಬಾವಲಿ ಕೇಳುವುದಿಲ್ಲ. ಅದರ ಧ್ವನಿ ಈ ಸೆನ್ಸರ್‌ನ ಕೈಗೆ ಎಟುಕದು. ಅದಕ್ಕೆ ಬೇರೆ ಮೈಕ್, ಬೇರೆ ಲೆಕ್ಕ ಬೇಕು. ಕೊನೆಯ ವರ್ಷದ ಪ್ರಾಜೆಕ್ಟ್‌ಗೆ ಅದನ್ನೇ ತೆಗೆದುಕೊಳ್ಳಬೇಕೆಂದು ನಾನು, ಗೆಳೆಯ ಮಾತಾಡಿಕೊಂಡಿದ್ದೇವೆ: ಗುಹೆಯೊಳಗೆ ಕಾಲಿಡದೆ, ಹೊರಗೆ ಒಂದು ಪೆಟ್ಟಿಗೆ ಇಟ್ಟು, ರಾತ್ರಿ ಯಾವ ಬಾವಲಿ ಎಷ್ಟು ಹೊತ್ತಿಗೆ ಹೊರಬಂತು ಎಂದು ಶಬ್ದದಿಂದಲೇ ಗುರುತಿಸುವುದು. ಮೊದಲು ನಮ್ಮೂರಿನ ಬಾವಲಿಗಳ ಮೇಲೆ ಕಲಿತು, ಸರಿಯಾಗಿ ಕೆಲಸ ಮಾಡಿದರೆ ಆಮೇಲೆ ಅರಣ್ಯ ಇಲಾಖೆಯ ಅನುಮತಿ ಕೇಳಬೇಕು. ಸಿಗುತ್ತದೋ ಇಲ್ಲವೋ, ಕೇಳುವುದಂತೂ ಕೇಳುತ್ತೇವೆ.

ಈ ಕೆಲಸದ ನಡುವೆ ಬ್ಯಾಕ್ ಸಬ್ಜೆಕ್ಟ್ ಮತ್ತೆ ಬರೆದೆ. ಈ ಸಲ ನೈಕ್ವಿಸ್ಟ್ ಪ್ರಶ್ನೆ ಬರಲೇ ಇಲ್ಲ, ಆದರೂ ಚೆನ್ನಾಗಿ ಬರೆದಿದ್ದೇನೆ. ಆಟ ಬಿಟ್ಟುಬಿಟ್ಟೆ ಎಂದರೆ ಸುಳ್ಳಾಗುತ್ತದೆ. ಪರೀಕ್ಷೆ ಮುಗಿದ ರಾತ್ರಿ ಹದಿನಾರನೆಯ ಲೆಜೆಂಡರಿಯನ್ನೂ ಹೊಡೆದೆ. ಖುಷಿಯೂ ಆಯಿತು. ಅದು ಆಟ, ಆಡಬೇಕಾದದ್ದು ಹಾಗೇ. ಗಿಳಿಗಳ ತಂಟೆಗೆ ಮಾತ್ರ ಹೋಗುವುದಿಲ್ಲ. ಅಂತರಗಂಗೆಗೆ ಈಗಲೂ ಹೋಗುತ್ತೇವೆ; ಸ್ಪೀಕರ್ ಮನೆಯಲ್ಲಿರುತ್ತದೆ, ಬಾವಲಿ ಇರುವ ಗವಿಯೊಳಗೆ ನುಗ್ಗುವುದಿಲ್ಲ. ಅಕ್ಕ ಪರೀಕ್ಷೆ ಬರೆದು ಬಂದಿದ್ದಾಳೆ. ಬಾವಲಿಯ ಪ್ರಶ್ನೆ ಅವಳಿಗೂ ಬರಲಿಲ್ಲವಂತೆ. ‘ನೀನಾದ್ರೂ ಕಲಿತೆ ಬಿಡು’ ಎಂದಳು.

ಮೊನ್ನೆ ರಾತ್ರಿ ನಮ್ಮ ಬೀದಿಯ ದೀಪದ ಕೆಳಗೆ ಆ ಡಬ್ಬಿ ಹಿಡಿದು ನಿಂತಿದ್ದೆ. ದೀಪದ ಸುತ್ತ ಪತಂಗಗಳು, ಪತಂಗಗಳ ಸುತ್ತ ಬಾವಲಿ. ತೋಟದಿಂದ ಬಂದ ಅಪ್ಪ ‘ಏನೋ ಅದು?’ ಎಂದರು. ಇಯರ್‌ಫೋನ್ ಅವರ ಕಿವಿಗೆ ಇಟ್ಟೆ. ಟಿಕ್... ಟಿಕ್... ಟಿಕ್ ಎಂದು ಕೇಳುತ್ತದೆ. ಬಾವಲಿ ಹುಳದ ಹತ್ತಿರ ಬಂದಂತೆ ಟಿಕ್ ಟಿಕ್ ಬೇಗ ಬೇಗ ಆಗಿ, ಕೊನೆಗೆ ಬರ್ರ್ ಎಂದು ಒಂದಾಗುತ್ತದೆ. ‘ಈಗ ಹಿಡೀತು ಅಪ್ಪ’ ಎಂದೆ. ಅಪ್ಪ ಹತ್ತು ನಿಮಿಷ ತಲೆ ಎತ್ತಿಕೊಂಡೇ ನಿಂತಿದ್ದರು.

‘ರಾತ್ರಿಯೆಲ್ಲ ಹಿಂಗೇ ಹುಳ ತಿಂತದಾ?’

‘ಹೂಂ ಅಪ್ಪ.’

‘ಮತ್ತೆ ನಾನು ದುಡ್ಡು ಕೊಟ್ಟು ಔಷಧಿ ಹೊಡೀತಿದ್ದೀನಲ್ಲೋ. ನಮ್ ತೋಟದ ಹತ್ರಾನೂ ಬರ್ತವಾ ನೋಡು ನಾಳೆ’ ಎಂದರು.

ನಾಳೆ ಸಂಜೆ ತೋಟಕ್ಕೆ ಹೋಗಬೇಕು. ಬ್ಯಾಟರಿ ಚಾರ್ಜಿಗೆ ಹಾಕಿದ್ದೇನೆ.